ಬೆಂಗಳೂರಿಗೆ ಮೇಯರ್ ಇಲ್ಲದಿದ್ದರೆ ಯಾರಿಗೆ ಗೊತ್ತಾಗುತ್ತದೆ?

ಬದಿಯಡ್ಕದ ಹುಡುಗ
ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತೇನೆ, ಬೈಯಬೇಡಿ.

ನಾನು ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕ ಕಡೆಯವನು. ಬೆಂಗಳೂರು ಸೇರಿ ಹನ್ನೊಂದು ವರ್ಷ ಆಯಿತು. ಮೊನ್ನೆ ಊರಿಗೆ ಬಂದಿದ್ದೆ. ಮನೆ ಎದುರಿನ ಕಂಬದ ಬಲ್ಬು ಹೋಗಿತ್ತು. ಅಮ್ಮ ಅಂಗಳದಲ್ಲಿ ನಿಂತು ವಾರ್ಡ್ ಮೆಂಬರಿಗೆ ಫೋನ್ ಮಾಡಿದರು. "ಬಲ್ಬು ಹೋಗಿದೆ, ನಿನ್ನೆ ದಾರಿಯಲ್ಲಿ ನಾಗರಹಾವು ಬೇರೆ ಕಂಡಿದೆ" ಎಂದರು. ಮೂರನೇ ದಿನ ಒಬ್ಬ ಏಣಿ ಹೊತ್ತುಕೊಂಡು ಬಂದ. ಹಾವಿನ ಮಾತು ಸುಳ್ಳು, ಅದು ಬೇರೆ ವಿಷಯ.

ಇನ್ನು ಬೆಂಗಳೂರಿನ ನಮ್ಮ ಬೀದಿಯ ಕತೆ. ಪೈಪಿಗೆಂದು ಒಬ್ಬರು ಅಗೆದರು. ಮಣ್ಣು ಮುಚ್ಚಿ ಹೋದರು. ಎರಡು ತಿಂಗಳ ಮೇಲೆ ಕೇಬಲ್ಲಿಗೆಂದು ಇನ್ನೊಬ್ಬರು ಅದೇ ಜಾಗ ಅಗೆದರು. ಮಳೆ ಬಂತು, ಹೊಂಡ ಆಯಿತು. ನಮ್ಮ ಮಹಡಿಯ ಕೆಳಗಿನ ಅಜ್ಜ ಹಾಲು ತರಲು ಹೋಗಿ ಬಿದ್ದು ಕೈ ಮುರಿದುಕೊಂಡರು. ನಾನೇ ರಜೆ ಹಾಕಿ ವಿಚಾರಿಸಲು ಹೋದೆ. ಒಂದು ಕಚೇರಿಯಲ್ಲಿ "ಅಗೆದದ್ದು ನಾವಲ್ಲ" ಎಂದರು. ಇನ್ನೊಂದರಲ್ಲಿ "ಡಾಂಬರು ನಮ್ಮದಲ್ಲ" ಎಂದರು. ಮೂರನೆಯದರಲ್ಲಿ ಊಟಕ್ಕೆ ಹೋಗಿದ್ದರು. ಹೊಂಡದಲ್ಲಿ ಯಾರೋ ಒಂದು ಬಾಳೆಗಿಡ ನೆಟ್ಟರು. ಅದು ಚೆನ್ನಾಗಿ ಬಂದಿದೆ.

ಆಗ ಹೊಳೆಯಿತು, ನಮಗೆ ಕಾರ್ಪೊರೇಟರೇ ಇಲ್ಲ ಅಲ್ವಾ! ಹಳೆಯ ಕೌನ್ಸಿಲಿನ ಅವಧಿ ಮುಗಿದದ್ದು 2020ರ ಸೆಪ್ಟೆಂಬರಿನಲ್ಲಿ. 2025ರ ಸೆಪ್ಟೆಂಬರಿನಲ್ಲಿ ಬಿಬಿಎಂಪಿ ಹೋಗಿ ಐದು ಪಾಲಿಕೆ ಆಯಿತು. ಆಗಲೂ ಚುನಾವಣೆ ಆಗಿರಲಿಲ್ಲ. ಕೋಟಿಗಟ್ಟಲೆ ಜನರ ಊರು ಐದು ವರ್ಷ ಮೇಯರ್ ಇಲ್ಲದೆ ನಡೆಯಿತು. ತಮಾಷೆ ಏನೆಂದರೆ, ನನ್ನ ಆಫೀಸಿನಲ್ಲಿ ಹತ್ತು ಜನರನ್ನು ಕೇಳಿದೆ. ಎಂಟು ಜನಕ್ಕೆ ಮೇಯರ್ ಇಲ್ಲ ಎನ್ನುವುದೇ ಗೊತ್ತಿರಲಿಲ್ಲ.

ಹಾಗಾದರೆ ಮೇಯರ್ ಎಂಬವರು ಬೇಕೇ? ಬೇಕಾದರೆ ಎಂತಕ್ಕೆ?

ತಲಪಾಡಿ ಗೇಟು
ಬೇಕು ಮಾರಾಯ್ರೇ. ರಿಬ್ಬನ್ ಕತ್ತರಿಸಲು ಜನ ಬೇಡವಾ?

ನಿವೃತ್ತ ಗುಮಾಸ್ತ, ಕಾಸರಗೋಡು
ನಗೆಗೆ ಸರಿ. ಆದರೆ ಹುಡುಗ ಕೇಳಿದ್ದು ಒಳ್ಳೆಯ ಪ್ರಶ್ನೆ. ನಾನು ಪಂಚಾಯತು, ನಗರಸಭೆ ಎಂದು ಮೂವತ್ತು ವರ್ಷ ಫೈಲು ಹೊತ್ತವನು. ಗೊತ್ತಿದ್ದಷ್ಟು ಹೇಳುತ್ತೇನೆ.

ಮೊದಲನೆಯದಾಗಿ, ನಮ್ಮ ಕಾಸರಗೋಡು ಜಿಲ್ಲೆಯಲ್ಲಿ ಮೇಯರೇ ಇಲ್ಲ. ಇರುವುದು ಮೂರು ನಗರಸಭೆ, ಕಾಸರಗೋಡು, ಕಾಞಂಗಾಡು, ನೀಲೇಶ್ವರ. ಅಲ್ಲಿ ಇರುವವರು ಚೇರ್ಮನ್. ಮೇಯರನ್ನು ನೋಡಬೇಕಾದರೆ ತೆಂಕಕ್ಕೆ ಕಣ್ಣೂರಿಗೆ ಹೋಗಬೇಕು, ಅದು ಕಾರ್ಪೊರೇಷನ್ ಆದದ್ದು 2015ರಲ್ಲಿ. ಬಡಗಕ್ಕೆ ಮಂಗಳೂರು ಕೂಡ ಕಾರ್ಪೊರೇಷನ್ನೇ.

ಎರಡನೆಯದು ಕಾನೂನು. ಸಂವಿಧಾನದ 74ನೇ ತಿದ್ದುಪಡಿ 1993ರ ಜೂನ್ 1ರಿಂದ ಜಾರಿಗೆ ಬಂತು. 12ನೇ ಅನುಸೂಚಿಯಲ್ಲಿ 18 ಕೆಲಸಗಳ ಪಟ್ಟಿ ಇದೆ. ನೀರು, ರಸ್ತೆ, ಕಸ, ನಗರ ಯೋಜನೆ, ಅಗ್ನಿಶಾಮಕ, ಸ್ಮಶಾನ ಎಲ್ಲ ಅದರಲ್ಲಿ ಬರುತ್ತದೆ. ಆದರೆ 243ಡಬ್ಲ್ಯು ವಿಧಿ ಓದಿ ನೋಡಿ. ರಾಜ್ಯ ಇದನ್ನೆಲ್ಲ ಪಾಲಿಕೆಗೆ "ಕೊಡಬಹುದು" ಎಂದಿದೆ. "ಕೊಡಲೇಬೇಕು" ಎಂದಿಲ್ಲ. ಈ ಒಂದು ಪದದ ಮೇಲೆ ಎಲ್ಲ ರಾಜ್ಯಗಳೂ ಮೂವತ್ತು ವರ್ಷ ಹಾಯಾಗಿ ಕೂತಿವೆ.

ಚುನಾವಣೆಯ ಮಾತು ಹಾಗಲ್ಲ. ಐದು ವರ್ಷದ ಅವಧಿ ಮುಗಿಯುವುದರೊಳಗೆ ಚುನಾವಣೆ ಮುಗಿಸಬೇಕು ಎಂದು 243ಯು ವಿಧಿ ಕಡ್ಡಾಯ ಮಾಡಿದೆ. ಅದನ್ನೂ ಮಾಡುವುದಿಲ್ಲ. ವಾರ್ಡು ವಿಂಗಡಣೆ, ಮೀಸಲಾತಿ ಪಟ್ಟಿ, ಕೋರ್ಟು. ಮೂರು ನೆಪ ಸಾಕು, ಐದು ವರ್ಷ ಕಳೆಯುತ್ತದೆ.

ಸೊಲ್ಲಾಪುರದಕ್ಕ
ಗುಮಾಸ್ತರೇ, ನಮ್ಮಲ್ಲೂ ಅದೇ ಆಯಿತು ನೋಡಿ. ಸೊಲ್ಲಾಪುರ ಮಹಾನಗರಪಾಲಿಕೆಯ ಅವಧಿ 2022ರ ಮಾರ್ಚಿನಲ್ಲಿ ಮುಗಿಯಿತು. ಚುನಾವಣೆ ಆದದ್ದು 2026ರ ಜನವರಿ 15ಕ್ಕೆ. ಮುಂಬೈ, ಕೊಲ್ಹಾಪುರಕ್ಕೂ ಅವತ್ತೇ. ನಡುವಿನ ನಾಲ್ಕು ವರ್ಷ ಪ್ರಶಾಸಕರ, ಅಂದರೆ ಸರ್ಕಾರ ನೇಮಿಸಿದ ಅಧಿಕಾರಿಯ ಕಾರಭಾರ. ಆಯುಕ್ತರೂ ಅವರೇ, ಸಭೆಯೂ ಅವರೇ. ಠರಾವು ಮಂಡಿಸುವವರೂ ಅವರೇ, ಪಾಸು ಮಾಡುವವರೂ ಅವರೇ.

ನಮ್ಮ ಊರಿನ ದೊಡ್ಡ ಸುದ್ದಿ ಯಾವಾಗಲೂ ನೀರು. ಉಜನಿ ಅಣೆಕಟ್ಟು ನೂರು ಕಿಲೋಮೀಟರಿಗೂ ಜಾಸ್ತಿ ದೂರ. ಅಲ್ಲಿಂದ ಪೈಪಿನಲ್ಲಿ ಬರಬೇಕು. ದಿನಾ ಬರುವುದಿಲ್ಲ. ಮೂರು ದಿನ, ನಾಲ್ಕು ದಿನ, ಬೇಸಿಗೆಯಲ್ಲಿ ಇನ್ನೂ ತಡ. ನಮ್ಮ ಮನೆಯಲ್ಲಿ ಕ್ಯಾಲೆಂಡರಿನಲ್ಲಿ ನೀರಿನ ದಿನಕ್ಕೆ ನೀಲಿ ಪೆನ್ನಿನ ಗುಂಡು. ಮದುವೆ ಮುಹೂರ್ತ ನೋಡುವಾಗ ಮೊದಲು ಆ ಗುಂಡು ನೋಡುತ್ತೇವೆ, ಆಮೇಲೆ ಪಂಚಾಂಗ.

ಮೊದಲು ನಗರಸೇವಕ, ಅಂದರೆ ಕಾರ್ಪೊರೇಟರ್ ಇದ್ದಾಗ ಏನು ಮಾಡುತ್ತಿದ್ದೆವು ಗೊತ್ತೇ? ಐದಾರು ಹೆಂಗಸರು ಖಾಲಿ ಕೊಡ ಹಿಡಿದು ಅವರ ಮನೆ ಬಾಗಿಲಿಗೆ ಹೋಗುತ್ತಿದ್ದೆವು. ಅವರ ಹೆಂಡತಿ ಚಹಾ ಕೊಟ್ಟು ಕೂರಿಸುತ್ತಿದ್ದಳು. ಮರುದಿನ ಟ್ಯಾಂಕರ್ ಬರುತ್ತಿತ್ತು. ಪ್ರಶಾಸಕರ ಮನೆ ಎಲ್ಲಿದೆ ಎಂದು ಯಾರಿಗೆ ಗೊತ್ತು? ಗೇಟಿನಲ್ಲಿ ಪೊಲೀಸ. ಕೊಡ ಒಳಗೆ ಬಿಡುವುದಿಲ್ಲ.

ನೀರು ಬಂತು. ಉಳಿದದ್ದು ಆಮೇಲೆ ಬರೆಯುತ್ತೇನೆ.

ಆದವಾನಿ ಹತ್ತಿ
ಅಕ್ಕ ನೀರು ಹಿಡಿಯಲಿ. ಅಷ್ಟರೊಳಗೆ ನಾನು ಉಲ್ಟಾ ಮಾತಾಡುತ್ತೇನೆ.

ನಮ್ಮ ಆದವಾನಿಯಲ್ಲಿ ನನ್ನ ಕೆಲಸ ಆದದ್ದು ಕೌನ್ಸಿಲರನಿಂದ ಅಲ್ಲ. 2019ರ ಅಕ್ಟೋಬರ್ 2ಕ್ಕೆ ಆಂಧ್ರದಲ್ಲಿ ಹಳ್ಳಿಗೆ ಗ್ರಾಮ ಸಚಿವಾಲಯ, ಪಟ್ಟಣಕ್ಕೆ ವಾರ್ಡ್ ಸಚಿವಾಲಯ ಅಂತ ಮಾಡಿದರು. ಓಣಿಯಲ್ಲೇ ಕಚೇರಿ. ಜಾತಿ ಸರ್ಟಿಫಿಕೇಟು, ಪಿಂಚಣಿ, ನಲ್ಲಿಯ ದೂರು ಎಲ್ಲ ಅಲ್ಲೇ. ನಮ್ಮ ಅಪ್ಪನ ಪಿಂಚಣಿ ಕಾಗದ ಒಂದೇ ವಾರಕ್ಕೆ ಆಯಿತು. ಕೌನ್ಸಿಲರಿಗೆ ಕೈ ಮುಗಿಯುವ ಗೋಜೇ ಇಲ್ಲ. ಆಳುವವರು ಯಾರಾದರೆ ನಮಗೇನು? ಕೆಲಸ ಆಗಬೇಕು.

ಮೇಯರ್ ಕುರ್ಚಿಗೆ ಎಷ್ಟು ಗ್ಯಾರಂಟಿ ಇದೆ ಎಂದೂ ನೋಡಿ. ವಿಶಾಖಪಟ್ಟಣದಲ್ಲಿ 2021ರಲ್ಲಿ ಮೇಯರ್ ಆದವರನ್ನು 2025ರ ಏಪ್ರಿಲ್‌ನಲ್ಲಿ ಅವಿಶ್ವಾಸ ಮಂಡಿಸಿ ಇಳಿಸಿದರು. ಊರಿನ ನೀರು, ಕಸ ಕೆಟ್ಟಿತು ಅಂತ ಅಲ್ಲ. 2024ರಲ್ಲಿ ರಾಜ್ಯದ ಸರ್ಕಾರ ಬದಲಾಯಿತು, ಕಾರ್ಪೊರೇಟರುಗಳು ಪಕ್ಷ ಬದಲಾಯಿಸಿದರು. ಅಷ್ಟೇ. ಇಂಥ ಕುರ್ಚಿಯನ್ನು ನಂಬಿ ಊರು ಕಟ್ಟುವುದು ಹೇಗೆ?

ನಿವೃತ್ತ ಗುಮಾಸ್ತ, ಕಾಸರಗೋಡು
ಅಪ್ಪನ ಪಿಂಚಣಿ ಬಂದದ್ದು ಸಂತೋಷ. ಆದರೆ ತಮ್ಮಾ, ಸರ್ಟಿಫಿಕೇಟು ಕೊಡುವುದು ಬೇರೆ, ಊರಿನ ದುಡ್ಡು ಎಲ್ಲಿಗೆ ಹಾಕಬೇಕು ಎಂದು ತೀರ್ಮಾನ ಮಾಡುವುದು ಬೇರೆ. ಸಚಿವಾಲಯದ ನೌಕರ ನಿನ್ನ ಓಣಿಗೆ ಚರಂಡಿ ಮೊದಲೋ ರಸ್ತೆ ಮೊದಲೋ ಎಂದು ಹೇಳುತ್ತಾನೆಯೇ? ಹೇಳಲಾರ. ಅವನಿಗೆ ಆ ಅಧಿಕಾರ ಇಲ್ಲ. ಇರಲೂಬಾರದು.

ಕೇರಳದಲ್ಲಿ 1996ರಲ್ಲಿ ಜನಕೀಯ ಯೋಜನೆ ಬಂತು. ರಾಜ್ಯದ ಯೋಜನಾ ಹಣದಲ್ಲಿ ನೂರಕ್ಕೆ 35ರಿಂದ 40 ಪಾಲು ಪಂಚಾಯತು ನಗರಸಭೆಗಳಿಗೆ ಕೊಡುತ್ತೇವೆ ಎಂದರು. ಆ ವರ್ಷದ ಗ್ರಾಮಸಭೆಗಳನ್ನು ನಾನು ಕಂಡಿದ್ದೇನೆ. ಶಾಲೆಯ ಬೆಂಚಿನ ಮೇಲೆ ಕೂತು ಜನ ಜಗಳ ಮಾಡುತ್ತಿದ್ದರು. ನಮಗೆ ಕಾಲುಸಂಕ, ಅವರಿಗೆ ಬಾವಿ. ರಾತ್ರಿ ಒಂಬತ್ತಾದರೂ ಮುಗಿಯುತ್ತಿರಲಿಲ್ಲ. ಈಗ ಅಷ್ಟು ಜನ ಬರುವುದಿಲ್ಲ, ಅದೂ ಸತ್ಯ. ಸಹಿ ಪುಸ್ತಕ ಮನೆಮನೆಗೆ ಹೋಗುವುದೂ ಉಂಟು.

ಮೇಯರ್ ವಿಷಯಕ್ಕೆ ಬಂದರೆ, ಇಲ್ಲಿ ಮೇಯರಿಗೂ ಚೇರ್ಮನ್ನಿಗೂ ಕೌನ್ಸಿಲಿನ ಹಾಗೆ ಐದು ವರ್ಷ. ಬೆಂಗಳೂರು ಬಿಟ್ಟು ಕರ್ನಾಟಕದ ಉಳಿದ ಪಾಲಿಕೆಗಳಲ್ಲಿ ಒಂದೇ ವರ್ಷ. ಮೊದಲ ಮೂರು ತಿಂಗಳು ಸನ್ಮಾನ, ಕೊನೆಯ ಮೂರು ತಿಂಗಳು ವಿದಾಯ. ನಡುವೆ ಒಂದು ಬಜೆಟ್ಟು. ಆ ಬಜೆಟ್ಟಿನ ಕೆಲಸ ಶುರುವಾಗುವಾಗ ಬೇರೆಯವರು ಕುರ್ಚಿಯಲ್ಲಿ.

ತಲಪಾಡಿ ಗೇಟು
ಗುಮಾಸ್ತರೇ, ಕೇರಳವನ್ನು ಜಾಸ್ತಿ ಹೊಗಳಬೇಡಿ. ಬ್ರಹ್ಮಪುರಂ ಮರೆತಿರಾ? 2023ರ ಮಾರ್ಚ್ 2ಕ್ಕೆ ಕೊಚ್ಚಿಯ ಕಸದ ಗುಡ್ಡೆಗೆ ಬೆಂಕಿ ಬಿತ್ತು. ಹನ್ನೆರಡು ದಿನ ಉರಿಯಿತು. ನನ್ನ ತಂಗಿ ಆಗ ಅಲ್ಲಿ ನರ್ಸಿಂಗ್ ಓದುತ್ತಿದ್ದಳು. ಕಿಟಕಿಗೆ ಒದ್ದೆ ಬೈರಾಸು ಕಟ್ಟಿ ಮಲಗುತ್ತಿದ್ದರಂತೆ. ಹಸಿರು ನ್ಯಾಯಮಂಡಳಿ ಕಾರ್ಪೊರೇಷನ್ನಿಗೆ 100 ಕೋಟಿ ದಂಡ ಹಾಕಿತು. ಐದು ವರ್ಷದ ಮೇಯರ್ ಅಲ್ಲೂ ಇದ್ದರಲ್ಲ!

ನಿವೃತ್ತ ಗುಮಾಸ್ತ, ಕಾಸರಗೋಡು
ಇದ್ದರು. ಒಪ್ಪಿದೆ. ಆದರೆ ಬೆಂಕಿ ಬಿದ್ದಾಗ ಇಡೀ ಕೇರಳ ಯಾರನ್ನು ಕೇಳಿತು ಹೇಳಿ. ಮೇಯರನ್ನೇ. ಅಲ್ಲಿ ಬೈಯಲು ಒಂದು ಮುಖ ಇತ್ತು.

ಅಡಿಕೆ ತೋಟ, ಪೆರ್ಲ
ನಮಗೆ ಮೇಯರ್ ಬೇಡ, ಹರಿತ ಕರ್ಮಸೇನೆ ಸಾಕು, ಮನೆಮನೆಯಿಂದ ಕಸ ಒಯ್ಯುವ ಹೆಂಗಸರ ತಂಡ. ತಿಂಗಳಿಗೆ 50 ರೂಪಾಯಿ ಕೊಟ್ಟು ಪ್ಲಾಸ್ಟಿಕ್ ತೊಳೆದು ಒಣಗಿಸಿ ಇಡಬೇಕು. ಮೊದಮೊದಲು ನಾನೇ ಜಗಳ ಮಾಡಿದ್ದೆ. ನಮ್ಮ ಕಸಕ್ಕೆ ನಾವೇ ದುಡ್ಡು ಕೊಡುವುದಾ ಎಂದು. ಬಂದಿದ್ದ ಇಬ್ಬರು ಹೆಂಗಸರಲ್ಲಿ ಒಬ್ಬಳು ನನ್ನ ಹಳೆ ಸಹಪಾಠಿ. ಅವಳೆಂದಳು, "ಅಣ್ಣ, ಸುಟ್ಟರೆ ಹೊಗೆ ನಿಮ್ಮ ಸೊಸೆಯ ಬಾಣಂತಿ ಕೋಣೆಗೇ ಹೋಗುವುದು." ಬಾಯಿ ಮುಚ್ಚಿ 50 ಕೊಟ್ಟೆ. ಬೆಂಗಳೂರಿನಲ್ಲಿ ಇದು ನಡೆದೀತೇ? ಕಸ ತೆಗೆಯುವವರಿಗೆ ಮನೆಯವರ ಹೆಸರು ಗೊತ್ತಿಲ್ಲ, ಮನೆಯವರಿಗೆ ಅವರ ಹೆಸರು ಗೊತ್ತಿಲ್ಲ.

ಹೊಸೂರು ಶಿಫ್ಟು
ರಾತ್ರಿ ಪಾಳಿ ಮುಗಿಸಿ ಬಂದು ಎಲ್ಲ ಓದಿದೆ. ಹೊಸೂರಿನ ಕತೆ ಕೇಳಿ.

ನಮ್ಮದು ಪಂಚಾಯತಿಯ ಹಾಗಿದ್ದ ಊರು. ಸಿಪ್ಕಾಟ್ ಎಂಬ ಸರ್ಕಾರಿ ಕೈಗಾರಿಕಾ ಪ್ರದೇಶ ಬಂತು, ಕಾರ್ಖಾನೆ ಬಂತು, ಆಮೇಲೆ ಬೆಂಗಳೂರೇ ಅತ್ತಿಬೆಲೆ ದಾಟಿ ನಮ್ಮ ಬಾಗಿಲಿಗೆ ಬಂತು. 2019ರಲ್ಲಿ ಹೊಸೂರನ್ನು ಮಾನಗರಾಟ್ಚಿ ಮಾಡಿದರು, ಅಂದರೆ ಕಾರ್ಪೊರೇಷನ್. ಮೇಯರ್ ಬಂದದ್ದು 2022ರ ಮಾರ್ಚಿನಲ್ಲಿ. ತಮಿಳುನಾಡಿನ ಪಟ್ಟಣಗಳಿಗೆ 2016ರಲ್ಲಿ ಆಗಬೇಕಿದ್ದ ಚುನಾವಣೆ ಆದದ್ದೇ 2022ರ ಫೆಬ್ರವರಿಯಲ್ಲಿ. ಹೊಸ ಕೌನ್ಸಿಲ್ ಕೂತು ಎರಡು ತಿಂಗಳು ಆಗಿರಲಿಲ್ಲ, ಏಪ್ರಿಲ್‌ನಲ್ಲಿ ರಾಜ್ಯ ಸರ್ಕಾರ ಆಸ್ತಿ ತೆರಿಗೆ ಏರಿಸಿತು. ಶೇಕಡಾ 25ರಿಂದ ಹಿಡಿದು 150ರವರೆಗೆ. ಆರ್ಡರ್ ಬಂದದ್ದು ಚೆನ್ನೈನಿಂದ. ಬೈಗುಳ ತಿಂದದ್ದು ನಮ್ಮ ಕೌನ್ಸಿಲರ್. ಅವನು ನನ್ನ ಜೊತೆ ಕ್ರಿಕೆಟ್ ಆಡಿದವನು. "ನನ್ನನ್ನು ಯಾರು ಕೇಳಿದರು ಮಚ್ಚಾ" ಎಂದು ಟೀ ಅಂಗಡಿಯಲ್ಲಿ ತಲೆ ಮೇಲೆ ಕೈ ಹೊತ್ತು ಕೂತಿದ್ದ.

ಇನ್ನೊಂದು. ಮೇಯರನ್ನು ಜನರೇ ನೇರವಾಗಿ ಆರಿಸಲಿ ಎಂದು ಎಲ್ಲರೂ ಹೇಳುತ್ತಾರೆ. ನಮ್ಮಲ್ಲಿ ಅದೂ ಆಗಿದೆ. 1996ರಲ್ಲಿ ಚೆನ್ನೈ ಜನ ನೇರವಾಗಿ ಆರಿಸಿದ ಮೊದಲ ಮೇಯರ್ ಎಂ.ಕೆ. ಸ್ಟಾಲಿನ್. 2001ರಲ್ಲಿ ಮತ್ತೆ ಗೆದ್ದರು. ಅಷ್ಟರಲ್ಲಿ ಸರ್ಕಾರ ಬದಲಾಯಿತು. ಒಬ್ಬರೇ ಎಂಎಲ್‌ಎ ಮತ್ತು ಮೇಯರ್ ಎರಡೂ ಆಗಿರಬಾರದು ಎಂದು 2002ರಲ್ಲಿ ಕಾನೂನು ಬಂತು. ಮೇಯರ್ ಸ್ಥಾನ ಬಿಟ್ಟರು. 2006ರಲ್ಲಿ ಕೌನ್ಸಿಲರುಗಳೇ ಆರಿಸುವ ಪದ್ಧತಿ, 2011ರಲ್ಲಿ ಮತ್ತೆ ನೇರ, ಆಮೇಲೆ ಮತ್ತೆ ಕೌನ್ಸಿಲರುಗಳು. ಯಾವ ಪಕ್ಷಕ್ಕೆ ಯಾವಾಗ ಯಾವುದು ಲಾಭವೋ ಅದು ಕಾನೂನು. ಚೆನ್ನೈ ಕಾರ್ಪೊರೇಷನ್ 1688ರದ್ದು, ದೇಶದಲ್ಲೇ ಹಳೆಯದು. ಮುನ್ನೂರು ಚಿಲ್ಲರೆ ವರ್ಷ ಆದರೂ ಮೇಯರನ್ನು ಹೇಗೆ ಆರಿಸಬೇಕು ಎಂದು ಇನ್ನೂ ತೀರ್ಮಾನ ಆಗಿಲ್ಲ.

ನನ್ನ ಅನುಮಾನ ಇಷ್ಟೇ. ಜನರಿಂದ ಗೆದ್ದ ಗಟ್ಟಿ ಮೇಯರ್ ಯಾವ ಮುಖ್ಯಮಂತ್ರಿಗೆ ಬೇಕು? ದೊಡ್ಡ ನಗರದ ಮೇಯರ್ ಹೆಸರು ಮಾಡಿದರೆ ನಾಳೆ ಅವರೇ ಮುಖ್ಯಮಂತ್ರಿ ಕುರ್ಚಿಗೆ ಬರುತ್ತಾರೆ. ಸ್ಟಾಲಿನ್ ಬಂದರಲ್ಲ.

ಬದಿಯಡ್ಕದ ಹುಡುಗ
ಹೊಸೂರಣ್ಣ, ಇದು ಪಾಯಿಂಟು. ಬೆಂಗಳೂರಿನ ಹೊಸ ವ್ಯವಸ್ಥೆ ನೋಡಿ. ಐದು ಪಾಲಿಕೆಗಳ ಮೇಲೆ ಗ್ರೇಟರ್ ಬೆಂಗಳೂರು ಪ್ರಾಧಿಕಾರ ಅಂತ ಇದೆ. ಅದಕ್ಕೆ ಅಧ್ಯಕ್ಷರು ಮುಖ್ಯಮಂತ್ರಿಗಳೇ. ಮೇಯರುಗಳು ಅದರಲ್ಲಿ ಸದಸ್ಯರು.

ಲಂಡನ್ನಿನಲ್ಲೂ ಒಂದು ಕಾಲಕ್ಕೆ ಇಡೀ ಊರಿನ ಕೌನ್ಸಿಲನ್ನು ರದ್ದು ಮಾಡಿದ್ದರು, 1986ರಲ್ಲಿ. ಹದಿನಾಲ್ಕು ವರ್ಷ ಇಡೀ ಲಂಡನ್ನಿಗೆ ಅಂತ ಒಂದು ಚುನಾಯಿತ ಆಡಳಿತ ಇರಲಿಲ್ಲ. ಕೆಳಗೆ 32 ಬರೋಗಳಂಥ ಸಣ್ಣ ಸಣ್ಣ ಸ್ಥಳೀಯ ಆಡಳಿತಗಳು ಮಾತ್ರ. 2000ದಲ್ಲಿ ಜನ ನೇರವಾಗಿ ಮೇಯರನ್ನು ಆರಿಸಿದರು. ಬಸ್ಸುಗಳ ಉಸ್ತುವಾರಿ ಅವರಿಗೆ ಬಂತು. ಮೂರೇ ವರ್ಷಕ್ಕೆ, 2003ರಲ್ಲಿ, ನಡುಪೇಟೆಗೆ ಬರುವ ಕಾರುಗಳಿಗೆ ಶುಲ್ಕ ಹಾಕಿದರು. ಜನ ಬೈದರು, ಆದರೆ ಯಾರಿಗೆ ಬೈಯಬೇಕು ಎಂದು ಗೊತ್ತಿತ್ತು. ಮರುವರ್ಷದ ಚುನಾವಣೆಯಲ್ಲಿ ಅದೇ ಮೇಯರನ್ನು ಮತ್ತೆ ಗೆಲ್ಲಿಸಿದರು ಕೂಡ.

ನಮ್ಮಲ್ಲಿ ನೀರಿಗೆ 1964ರಿಂದ ಜಲಮಂಡಳಿ, ಬಡಾವಣೆಗೆ 1976ರಿಂದ ಬಿಡಿಎ. ಬಸ್ಸು ಒಬ್ಬರದ್ದು, ಮೆಟ್ರೋ ಒಬ್ಬರದ್ದು, ಕರೆಂಟು ಒಬ್ಬರದ್ದು. ಇವರ್ಯಾರೂ ಮೇಯರಿಗೆ ಲೆಕ್ಕ ಕೊಡಬೇಕಾಗಿಲ್ಲ. 2007ರಲ್ಲಿ 110 ಹಳ್ಳಿಗಳನ್ನು ಬೆಂಗಳೂರಿಗೆ ಸೇರಿಸಿದರು. ಅವುಗಳಿಗೆಂದು ದಿನಕ್ಕೆ 77.5 ಕೋಟಿ ಲೀಟರಿನ ಕಾವೇರಿ ನೀರಿನ ಯೋಜನೆಯ ಐದನೇ ಹಂತ ಉದ್ಘಾಟನೆ ಆದದ್ದು 2024ರ ಅಕ್ಟೋಬರಿನಲ್ಲಿ. ಹದಿನೇಳು ವರ್ಷ! ನಡುವೆ ಎಷ್ಟು ಮೇಯರುಗಳು ಬಂದು ಹೋದರು. ಇದು ಅವರಲ್ಲಿ ಯಾರ ತಪ್ಪು ಎನ್ನುತ್ತೀರಿ? ಬೀಗ ಒಬ್ಬರ ಕೈಲಿ, ಕೀಲಿಕೈ ಇನ್ನೊಬ್ಬರ ಕೈಲಿ. ಬಾಗಿಲಲ್ಲಿ ನಿಂತು ಬೈಸಿಕೊಳ್ಳುವುದು ಮಾತ್ರ ಮೇಯರ್.

ಸೊಲ್ಲಾಪುರದಕ್ಕ
ನೀರು ತುಂಬಿತು. ಎರಡು ಡ್ರಮ್ಮು, ಹನ್ನೊಂದು ಕೊಡ, ಸೊಸೆಯ ಬಕೆಟ್ಟು ಎಲ್ಲ. ಈಗ ಬಂದೆ.

ದುಡ್ಡಿನ ಮಾತು ಯಾರೂ ಎತ್ತಲಿಲ್ಲ. ನಮ್ಮ ಮಾವ ಜಕಾತಿ ನಾಕೆಯಲ್ಲಿ ಕಾರಕೂನ ಆಗಿದ್ದರು. ಊರೊಳಗೆ ಬರುವ ಪ್ರತಿ ಲಾರಿಯಿಂದ ಜಕಾತಿ. ಆ ದುಡ್ಡು ನೇರ ಪಾಲಿಕೆಯ ಗಲ್ಲೆಗೆ. ಲಂಚ ಇತ್ತು, ಲಾರಿ ಸಾಲು ಇತ್ತು, ಎಲ್ಲ ಒಪ್ಪುತ್ತೇನೆ. ಆದರೆ ಅದು ಊರಿನದೇ ದುಡ್ಡು. ಜಕಾತಿ ಹೋಯಿತು, ಅದರ ಬದಲಿಗೆ ಎಲ್‌ಬಿಟಿ ಎಂಬ ಸ್ಥಳೀಯ ತೆರಿಗೆ ಬಂದು ಹೋಯಿತು, 2017ರಲ್ಲಿ ಜಿಎಸ್‌ಟಿ ಬಂತು. ಈಗ ಪಾಲಿಕೆಗಳು ಅನುದಾನ ಯಾವಾಗ ಬರುತ್ತದೆ ಎಂದು ಮುಂಬೈ ಕಡೆ ನೋಡುತ್ತಾ ಕೂರಬೇಕು. ಸ್ವಂತದ್ದು ಅಂತ ಉಳಿದದ್ದು ಘರಪಟ್ಟಿ, ಪಾಣಿಪಟ್ಟಿ, ಅಂದರೆ ಮನೆ ತೆರಿಗೆ, ನೀರಿನ ತೆರಿಗೆ. ಮುಂಬೈ ಪಾಲಿಕೆಯ ಮಾತು ಬೇರೆ, 2025-26ರ ಬಜೆಟ್ಟೇ 74 ಸಾವಿರ ಕೋಟಿ ಮೇಲೆ. ಅಷ್ಟು ದುಡ್ಡಿದ್ದರೂ ಅಲ್ಲಿ ಖರ್ಚಿನ ಕೈ ಆಯುಕ್ತರದ್ದು. 1888ರ ಕಾಯ್ದೆ, ಬ್ರಿಟಿಷರು ಬರೆದದ್ದು. ಮಹಾಪೌರರು, ಅಂದರೆ ಮೇಯರ್, ಸಭೆ ನಡೆಸಬಹುದು, ಅಷ್ಟೇ.

ಸೊಲ್ಲಾಪುರದವರಿಗೆ ಇನ್ನೊಂದು ಹೆಮ್ಮೆ ಇದೆ. 1930ರಲ್ಲಿ, ಬ್ರಿಟಿಷರ ಕಾಲದಲ್ಲೇ, ನಮ್ಮ ನಗರಪಾಲಿಕೆಯ ಕಟ್ಟಡದ ಮೇಲೆ ತ್ರಿವರ್ಣ ಧ್ವಜ ಹಾರಿಸಿದ್ದರು. ಆಗ ಅಷ್ಟು ಧೈರ್ಯ ಇತ್ತು. ಈಗ ಮುಂಬೈಗೆ ಒಂದು ಪತ್ರ ಬರೆಯಲೂ ಮೇಲಿನವರ ಮುಖ ನೋಡುತ್ತಾರೆ.

ತಲಪಾಡಿ ಗೇಟು
ಅಕ್ಕನಿಗೆ ನಮಸ್ಕಾರ. ಈಗ ನಾನೂ ಗಂಭೀರ.

ನಮ್ಮ ಗಡಿಯವರ ಸಂಕಟ ಬೇರೆಯೇ. ನಾನು ದಿನಾ ಬೆಳಗ್ಗೆ ಮಂಜೇಶ್ವರದಿಂದ ಮಂಗಳೂರಿಗೆ ಕೆಲಸಕ್ಕೆ ಹೋಗುತ್ತೇನೆ. ಆಸ್ಪತ್ರೆ ಮಂಗಳೂರು, ಕಾಲೇಜು ಮಂಗಳೂರು, ಮದುವೆ ಜವಳಿ ಮಂಗಳೂರು. ಅಲ್ಲಿಯ ಫುಟ್‌ಪಾತಿನಲ್ಲಿ ಎಡವುವವನು ನಾನು, ಅಲ್ಲಿಯ ಪಾರ್ಕಿಂಗಿಗೆ ದುಡ್ಡು ಕೊಡುವವನು ನಾನು. ಆದರೆ ಅಲ್ಲಿ ನನಗೆ ಓಟಿಲ್ಲ. 2025ರ ಡಿಸೆಂಬರಿನಲ್ಲಿ ನಾನು ಓಟು ಹಾಕಿದ್ದು ಊರಿನ ಪಂಚಾಯತಿಗೆ. ಮಂಗಳೂರಿನ ಮೇಯರ್ ಯಾರಾದರೂ ನನಗೆ ಉತ್ತರ ಕೊಡಬೇಕಾಗಿಲ್ಲ. ಹೊಸೂರಿನಿಂದ ಎಲೆಕ್ಟ್ರಾನಿಕ್ ಸಿಟಿಗೆ ಹೋಗುವವರ ಗತಿಯೂ ಇದೇ ಅಲ್ವಾ?

2020ರ ಮಾರ್ಚ್ ನೆನಪಿದೆಯಾ? ಕೇರಳ ಕರ್ನಾಟಕ ನಡುವಿನ ತಲಪಾಡಿ ಗಡಿ ಮುಚ್ಚಿದರು, ಒಳದಾರಿಗಳಿಗೆ ಮಣ್ಣು ಸುರಿದರು. ಆಂಬುಲೆನ್ಸುಗಳು ಗೇಟಿನಲ್ಲಿ ನಿಂತವು. ಕೇರಳ ಹೈಕೋರ್ಟು, ಸುಪ್ರೀಂ ಕೋರ್ಟು ತನಕ ಹೋಯಿತು. ನಮ್ಮ ಓಣಿಯ ಡಯಾಲಿಸಿಸ್ ಅಜ್ಜಿಯನ್ನು ಮಂಗಳೂರಿಗೆ ಬಿಡದ ಕಾರಣ ಕಣ್ಣೂರಿಗೆ ಕರೆದುಕೊಂಡು ಹೋದೆವು. ದಾರಿಯುದ್ದಕ್ಕೂ ಅವರು ಕೇಳುತ್ತಿದ್ದರು, "ಮಂಗಳೂರು ಇಷ್ಟು ದೂರ ಯಾವಾಗ ಆಯಿತು ಮಗಾ?"

ಆವತ್ತು ಗೊತ್ತಾಯಿತು, ನಗರ ಅಂದರೆ ಅದರ ಗಡಿಕಲ್ಲಿನ ಒಳಗಿನ ಜನ ಮಾತ್ರ ಅಲ್ಲ. ಅದನ್ನು ನಂಬಿ ಬದುಕುವ ಐವತ್ತು ಕಿಲೋಮೀಟರಿನ ಜನ. ಆ ಲೆಕ್ಕ ಯಾವ ಮೇಯರಿನ ಪುಸ್ತಕದಲ್ಲೂ ಇಲ್ಲ.

ಆದವಾನಿ ಹತ್ತಿ
ಇದು ನಾನು ಯೋಚಿಸಿರಲಿಲ್ಲ. ನಮ್ಮವರೂ ಅರ್ಧ ಜನ ಬಳ್ಳಾರಿ ಆಸ್ಪತ್ರೆಗೇ ಹೋಗುವುದು.

ನಿವೃತ್ತ ಗುಮಾಸ್ತ, ಕಾಸರಗೋಡು
ಇದಕ್ಕೂ ಸಂವಿಧಾನದಲ್ಲಿ ಒಂದು ದಾರಿ ಇದೆ, ಅರ್ಧ ದಾರಿ. 243ಝಡ್‌ಇ ವಿಧಿ, ಮಹಾನಗರ ಯೋಜನಾ ಸಮಿತಿ. ಹತ್ತು ಲಕ್ಷ ಅಥವಾ ಅದಕ್ಕಿಂತ ಜಾಸ್ತಿ ಜನ ಇರುವ ನಗರ ಪ್ರದೇಶಕ್ಕೆ. ಪಾಲಿಕೆಯವರೂ ಸುತ್ತಲಿನ ಪಂಚಾಯತಿಯವರೂ ಒಟ್ಟಿಗೆ ಕೂತು ಯೋಜನೆ ಮಾಡಬೇಕು. ಸದಸ್ಯರಲ್ಲಿ ಮೂರನೇ ಎರಡು ಪಾಲು ಚುನಾಯಿತರೇ ಇರಬೇಕು. ಚುನಾವಣೆಯೇ ನಡೆಯದಿದ್ದರೆ ಆ ಎರಡು ಪಾಲು ಎಲ್ಲಿಂದ ಬರಬೇಕು ಹೇಳಿ. ಇನ್ನು ರಾಜ್ಯದ ಗಡಿ ದಾಟಿದರೆ ಆ ವಿಧಿಯೂ ಕೈ ಕೊಡುತ್ತದೆ. ತಲಪಾಡಿಯ ಆಚೆಗೆ ಅದರ ಕಣ್ಣು ಹೋಗುವುದಿಲ್ಲ.

ಹುಡುಗಾ, ನಿನ್ನ ಹೊಂಡದ ಕತೆ ಏನಾಯಿತು?

ಬದಿಯಡ್ಕದ ಹುಡುಗ
ನಿನ್ನೆ ವಾಪಸ್ ಬಂದೆ ಗುಮಾಸ್ತರೇ. ಬಾಳೆಗೆ ಗೊನೆ ಬಿಟ್ಟಿದೆ. ಬೀದಿಯವರ ವಾಟ್ಸಾಪ್ ಗುಂಪಿನಲ್ಲಿ ಅದನ್ನು ಯಾರು ಕಡಿಯಬೇಕು ಎಂದು ಚರ್ಚೆ ನಡೆಯುತ್ತಿದೆ. ನೆಟ್ಟವರು ಯಾರೆಂದು ಯಾರೂ ಒಪ್ಪಿಕೊಳ್ಳುತ್ತಿಲ್ಲ.

ಅಡಿಕೆ ತೋಟ, ಪೆರ್ಲ
ಯಾವ ಬಾಳೆ? ಕದಳಿಯಾ, ನೇಂದ್ರವಾ? ನೇಂದ್ರವಾದರೆ ಬಲಿಯುವ ತನಕ ಕಡಿಯಬೇಡಿ.